ಪ್ರಬೋವೊ ಅವರೇ, ಗುರುವಾರದ ಆ ಕಾಗದಗಳಿಗೆ ಒಂದು ಉತ್ತರ ಬರೀರಿ

ಮಾನ್ಯ ಪ್ರಬೋವೊ ಸುಬಿಯಾಂತೊ ಅವರಿಗೆ,
ಇಂಡೋನೇಷ್ಯಾದ ಅಧ್ಯಕ್ಷರು,
ಇಸ್ತಾನಾ ಮರ್ದೇಕಾ, ಜಕಾರ್ತಾ.

ನಮಸ್ಕಾರ ಸರ್.

ಈ ಕಾಗದ ಕನ್ನಡದಲ್ಲಿದೆ. ನಿಮಗೆ ಕನ್ನಡ ಬರಲ್ಲ ಅಂತ ಗೊತ್ತಿದ್ದೂ ಬರೀತಿದೀನಿ, ಯಾಕಂದ್ರೆ ನಿಮಗೆ ಬರೋ ಭಾಷೇಲೇ, ನಿಮ್ಮ ಬಾಗಿಲ ಮುಂದೇನೇ ನಿಂತು, ಮಕ್ಕಳನ್ನ ಕಳ್ಕೊಂಡ ನಿಮ್ಮದೇ ದೇಶದ ತಾಯಂದಿರು 2007ರಿಂದ ಗುರುವಾರಕ್ಕೊಂದರಂತೆ ಬರೆದ ಕಾಗದಗಳು 800 ದಾಟಿವೆ, ಅವರು ಕೇಳಿದ ಪ್ರಶ್ನೆಗೆ ಇವತ್ತಿನ ತನಕ ಒಬ್ಬ ಅಧ್ಯಕ್ಷರೂ ಉತ್ತರ ಕೊಟ್ಟಿಲ್ಲ. ಅವರು ಯಾರು, ಏನು ಕೇಳ್ತಿದಾರೆ ಅಂತ ನಮ್ಮ ಕಡೆ ಜನಕ್ಕಾದ್ರೂ ಗೊತ್ತಾಗ್ಲಿ, ಹತ್ತು ಜನ ಓದ್ಲಿ, ಅದರಲ್ಲಿ ಯಾರೋ ಒಬ್ಬರು ನಿಮ್ಮ ಎಂಬೆಸಿಯವರ ಕಿವಿಗೆ ಹಾಕ್ಲಿ ಅನ್ನೋ ಆಸೆ ನಂದು.

2025ರ ಜನವರಿಲಿ ನೀವು ದೆಹಲಿಗೆ ಬಂದಿದ್ರಿ, ನಮ್ಮ ರಿಪಬ್ಲಿಕ್ ಡೇಗೆ ಮುಖ್ಯ ಅತಿಥಿಯಾಗಿ. 1950ರಲ್ಲಿ ಮೊಟ್ಟಮೊದಲ ರಿಪಬ್ಲಿಕ್ ಡೇಗೂ ನಿಮ್ಮ ಮೊದಲ ಅಧ್ಯಕ್ಷ ಸುಕರ್ನೊ ಅವರೇ ಬಂದಿದ್ದು. ಔತಣಕೂಟದಲ್ಲಿ ಮಾತಾಡ್ತಾ ನೀವು, ಡಿಎನ್ಎ ಟೆಸ್ಟ್ ಮಾಡಿಸಿದಾಗ ನಿಮ್ಮಲ್ಲಿ ಇಂಡಿಯಾದ ಡಿಎನ್ಎ ಇದೆ ಅಂತ ಗೊತ್ತಾಯ್ತು ಅಂದ್ರಿ, ನಿಮ್ಮ ಭಾಷೇಲಿ ಸಂಸ್ಕೃತದ ಪದಗಳು ಎಷ್ಟಿವೆ ಅಂತಾನೂ ಹೇಳಿದ್ರಿ. ಟೀವಿಲಿ ಅದನ್ನ ನೋಡಿ ನಮ್ಮ ಮನೇಲಿ ಎಲ್ಲರಿಗೂ ಖುಷಿ ಆಯ್ತು. ನೆಂಟಸ್ತನ ನೀವೇ ಹೇಳ್ಕೊಂಡ್ರಿ, ಆ ಸಲುಗೆ ಮೇಲೇ ಇಷ್ಟು ಮಾತಾಡ್ತಿದೀನಿ.

ನಾನು ಕೆಲಸದ ಮೇಲೆ ಮೂರು ವರ್ಷ ಜಕಾರ್ತಾದಲ್ಲಿದ್ದೆ, 2022ರಿಂದ. ಬಾಡಿಗೆ ರೂಮಿಂದ ಆಫೀಸಿಗೆ ದಿನಾ ಟ್ರಾನ್ಸ್‌ಜಕಾರ್ತಾ ಬಸ್ಸು, ಸುದಿರ್ಮನ್ ರೋಡಲ್ಲಿ ಸೆಮಾಂಗಿ ಅನ್ನೋ ದೊಡ್ಡ ಇಂಟರ್‌ಚೇಂಜ್ ಬರುತ್ತಲ್ಲ, ಅದರ ಪಕ್ಕದಲ್ಲೇ ಅತ್ಮಾ ಜಯಾ ಯೂನಿವರ್ಸಿಟಿ. ಒಂದೂವರೆ ವರ್ಷ ಆ ಗೇಟ್ ಮುಂದೆ ಹೋಗಿದೀನಿ ಬಂದಿದೀನಿ, ಮೊಬೈಲ್ ನೋಡ್ಕೊಂಡು, ಒಂದು ದಿನ ಕೂಡ ತಲೆ ಎತ್ತಿ ಇದು ಯಾವ ಜಾಗ ಅಂತ ಕೇಳಿರ್ಲಿಲ್ಲ. ಅಲ್ಲಿ ಏನಾಗಿತ್ತು ಅಂತ ನಂಗೆ ಗೊತ್ತಾಗಿದ್ದು ನಮ್ಮಮ್ಮ ಬಂದಾಗ.

ಅಮ್ಮ ಬಂದಿದ್ದು 2023ರ ನವೆಂಬರಲ್ಲಿ, ಮೂರು ವಾರಕ್ಕೆ. ನಮ್ಮ ಮನೇಲಿ ಗುರುವಾರ ಅಂದ್ರೆ ರಾಯರ ವಾರ. ಅಮ್ಮ ಅವತ್ತು ಒಪ್ಪೊತ್ತು, ಎಲ್ಲೇ ಇದ್ರೂ ದೀಪ ಹಚ್ಚಲೇಬೇಕು. ಊದಿನಕಡ್ಡಿ ಮುಗಿದಿತ್ತು ಅಂತ ಪಸಾರ್ ಬಾರು ಕಡೆ ಕರ್ಕೊಂಡು ಹೋಗಿದ್ದೆ, ಅಲ್ಲಿ ನಮ್ಮ ದೇಶದವರ ಅಂಗಡಿಗಳಿವೆ. ವಾಪಸ್ ಬರ್ತಾ ಮೊನಾಸ್ ಅನ್ನೋ ರಾಷ್ಟ್ರೀಯ ಸ್ಮಾರಕ ತೋರಿಸೋಣ ಅಂತ ಇಳಿಸಿದೆ. ಸಂಜೆ ನಾಲ್ಕು ದಾಟಿತ್ತು, ಮಳೆ ಜಿನುಗ್ತಿತ್ತು, ನಿಮ್ಮ ಅರಮನೆ ಎದುರಿನ ಜಾಗದಲ್ಲಿ ಒಂದಷ್ಟು ಜನ ಕಪ್ಪು ಬಟ್ಟೆ ಹಾಕ್ಕೊಂಡು, ಕಪ್ಪು ಕೊಡೆ ಹಿಡ್ಕೊಂಡು, ಅರಮನೆ ಕಡೆ ಮುಖ ಮಾಡಿ ಸುಮ್ಮನೆ ನಿಂತಿದ್ರು. ಘೋಷಣೆ ಇಲ್ಲ, ಮೈಕಿಲ್ಲ. ಕೊಡೆ ಮೇಲೆಲ್ಲಾ ಬಿಳಿ ಅಕ್ಷರದಲ್ಲಿ ಏನೇನೋ ಬರೆದಿತ್ತು. ಪಕ್ಕದಲ್ಲಿ ಸೈಕಲ್ ಮೇಲೆ ಫ್ಲಾಸ್ಕ್ ಇಟ್ಕೊಂಡು ಸ್ಯಾಶೆ ಕಾಫಿ ಮಾರೋನು ಒಬ್ಬ, ಅವನೂ ಮಾತಾಡ್ತಿರ್ಲಿಲ್ಲ.

ಅಮ್ಮ ನೋಡಿ ಕೇಳಿದ್ದು, "ಇಲ್ಲೂ ಅಯ್ಯಪ್ಪನ ಮಾಲೆ ಹಾಕ್ತಾರೇನೋ?" ಅಂತ. ನಮ್ಮ ಕಡೆ ನವೆಂಬರ್ ಅಂದ್ರೆ ಎಲ್ಲಿ ನೋಡಿದ್ರೂ ಕಪ್ಪು ಬಟ್ಟೆ ಅಲ್ವಾ, ಅದು ಅವರ ತಲೇಲಿ. ನಂಗೂ ಗೊತ್ತಿರ್ಲಿಲ್ಲ. ಅಲ್ಲಿ ತುದೀಲಿ ನಿಂತಿದ್ದ ಒಬ್ಬ ಕಾಲೇಜ್ ಹುಡುಗೀನ ಕೇಳಿದೆ. ಆಕೆ ಇಂಗ್ಲಿಷಲ್ಲಿ ಹೇಳ್ತಾ ಹೋದ್ಲು, ನಾನು ಅಮ್ಮನಿಗೆ ಕನ್ನಡದಲ್ಲಿ ಹೇಳ್ತಾ ಹೋದೆ. ಕೊಡೆಗಳ ಮೇಲೆ ಇರೋದು ಜನರನ್ನ ಕೊಂದ ಜಾಗಗಳ ಹೆಸರು, ಇಸವಿಗಳು. ತಂಜುಂಗ್ ಪ್ರಿಯೊಕ್ 1984, ತಲಾಂಗ್‌ಸಾರಿ 1989, ತ್ರಿಸಕ್ತಿ 1998, ಸೆಮಾಂಗಿ 1998. ಮುಂದಿನ ಸಾಲಲ್ಲಿ ಬೆಳ್ಳಗಿನ ತಲೆಕೂದಲಿನ ಅಜ್ಜಿ ಇದ್ರಲ್ಲ, ಅವರು ಬು ಸುಮಾರ್ಸಿಹ್.

ಕನ್ನಡದಲ್ಲಿ ಓದ್ತಿರೋರಿಗೆ ಇಲ್ಲಿ ಒಂದು ಮಾತು. ಆ ದೇಶದಲ್ಲಿ ದೊಡ್ಡ ಹೆಂಗಸರನ್ನ ಇಬು ಅಂತಾರೆ, ಬಾಯಲ್ಲಿ ಬು ಅಂತ ಆಗುತ್ತೆ, ಅಂದ್ರೆ ಅಮ್ಮ. ದೊಡ್ಡ ಗಂಡಸರಿಗೆ ಬಪಾಕ್, ಅಂದ್ರೆ ಅಪ್ಪ. ಅಧ್ಯಕ್ಷರನ್ನೂ ಬಪಾಕ್ ಅಂತಾನೇ ಕರೀತಾರೆ. ಹಾಗಾಗಿ ಆ ಕಾಗದಗಳಲ್ಲಿ ಅಮ್ಮಂದಿರು ಅಪ್ಪನಿಗೆ ಬರೆದಿರೋದು.

ಮರಿಯಾ ಕತರೀನಾ ಸುಮಾರ್ಸಿಹ್ ಪಾರ್ಲಿಮೆಂಟಿನ ಸೆಕ್ರೆಟೇರಿಯಟ್‌ನಲ್ಲಿ ಕೆಲಸಕ್ಕಿದ್ದೋರು. ಅವರ ಮಗ ವಾವನ್, ಅತ್ಮಾ ಜಯಾದಲ್ಲಿ ಎಕನಾಮಿಕ್ಸ್ ಓದ್ತಿದ್ದ 20 ವರ್ಷದ ಹುಡುಗ. 1998ರ ಮೇ 21ಕ್ಕೆ ಅಧ್ಯಕ್ಷ ಸುಹಾರ್ತೊ ರಾಜೀನಾಮೆ ಕೊಟ್ಟಾಗಿತ್ತು, 32 ವರ್ಷದ ಆಡಳಿತ ಮುಗಿದಿತ್ತು, ಆದ್ರೆ ಮಿಲಿಟರಿ ರಾಜಕೀಯದಿಂದ ಈಚೆ ಹೋಗಿರ್ಲಿಲ್ಲ. ನವೆಂಬರಲ್ಲಿ ದೊಡ್ಡ ಶಾಸನಸಭೆಯ ವಿಶೇಷ ಅಧಿವೇಶನ ಕರೆದ್ರು, ಅದನ್ನ ವಿರೋಧಿಸಿ ಸ್ಟೂಡೆಂಟ್ಸ್ ಬೀದಿಗೆ ಬಂದ್ರು. ವಾವನ್ ಅವತ್ತು ಗಾಯ ಆದೋರನ್ನ ಎತ್ಕೊಂಡು ಹೋಗೋ ವಾಲಂಟಿಯರ್ ತಂಡದಲ್ಲಿದ್ದ. ನವೆಂಬರ್ 13, ಶುಕ್ರವಾರ, ಕಾಲೇಜ್ ಕ್ಯಾಂಪಸ್ಸಿನಲ್ಲೇ, ಬಿದ್ದಿದ್ದ ಯಾರಿಗೋ ಸಹಾಯ ಮಾಡೋಕೆ ಹೋದಾಗ ಎದೆಗೆ ಗುಂಡು ಬಿತ್ತು.

ಅಮ್ಮ ಕೇಳ್ತಾ ಕೇಳ್ತಾ ಕೊಡೆ ಮಡಚಿಬಿಟ್ಟಿದ್ರು, ಮಳೇಲಿ ನೆನೀತಿದೀನಿ ಅನ್ನೋದೂ ಗೊತ್ತಾಗಿರ್ಲಿಲ್ಲ. "ಗುಂಡು ಹೊಡೀರಿ ಅಂದಿದ್ಯಾರು?" ಅಂದ್ರು. ಗೊತ್ತಿಲ್ಲಮ್ಮ, ಯಾವ ಕೋರ್ಟೂ ಹೇಳಿಲ್ವಂತೆ ಅಂದೆ. "ಮತ್ತೆ ಇವರು ಏನ್ ಕೇಳ್ತಿದಾರೆ, ಪರಿಹಾರದ ದುಡ್ಡಾ?" ಇಲ್ಲ, ಆರ್ಡರ್ ಕೊಟ್ಟಿದ್ಯಾರು ಅಂತ ಹೇಳಿ, ಅವರನ್ನ ಕೋರ್ಟಿಗೆ ಕರೀರಿ ಅಂತ ಕೇಳ್ತಿದಾರೆ. ಅಮ್ಮ ಸ್ವಲ್ಪ ಹೊತ್ತು ಆ ಅಜ್ಜೀನೇ ನೋಡ್ತಾ ನಿಂತ್ರು, ಆಮೇಲೆ "ಅಷ್ಟೇನಾ?" ಅಂದ್ರು. ದೂರದಿಂದಲೇ ಕೈಮುಗಿದು ಬಂದ್ರು.

ಸರ್, ಆ "ಅಷ್ಟೇನಾ" ನನ್ನ ಬಿಟ್ಟೇ ಇಲ್ಲ. ಆಮೇಲೆ ನಾನು ಕೂತು ಓದ್ದೆ, ಎಷ್ಟೋ ಗುರುವಾರ ಆಫೀಸಿಂದ ಬೇಗ ಹೊರಟು ಅಲ್ಲಿಗೆ ಹೋಗಿ ಹಿಂದಿನ ಸಾಲಲ್ಲಿ ನಿಂತೆ. ಬೇರೆ ದೇಶದವನು, ವೀಸಾ ಮೇಲಿರೋನು, ಮಾತಾಡೋ ಹಕ್ಕಿಲ್ಲ, ಸುಮ್ಮನೆ ನಿಲ್ತಿದ್ದೆ. ಈಗ ಬೆಂಗಳೂರಿಗೆ ವಾಪಸ್ ಬಂದಿದೀನಿ, ಅದಕ್ಕೆ ಬರೀತಿದೀನಿ.

ಈ ಗುರುವಾರದ ನಿಲ್ಲುವಿಕೆಗೆ ಅವರು ಅಕ್ಸಿ ಕಮಿಸಾನ್ ಅಂತಾರೆ, ಕಮಿಸ್ ಅಂದ್ರೆ ಗುರುವಾರ. ಶುರು ಆಗಿದ್ದು 2007ರ ಜನವರಿ 18. ಅರ್ಜೆಂಟೀನಾದಲ್ಲಿ ಕಾಣೆಯಾದ ಮಕ್ಕಳಿಗೋಸ್ಕರ ಪ್ಲಾಸಾ ದೆ ಮಾಯೊ ಚೌಕದಲ್ಲಿ ಗುರುವಾರ ಗುರುವಾರ ಸುತ್ತುತಿದ್ದ ತಾಯಂದಿರನ್ನ ನೋಡಿ ಇವರೂ ಗುರುವಾರಾನೇ ಆರಿಸ್ಕೊಂಡಿದ್ದು. ಶುರು ಮಾಡಿದವರಲ್ಲಿ ಮೂರು ಹೆಸರು ಮುಖ್ಯ. ಒಬ್ಬರು ಸುಮಾರ್ಸಿಹ್. ಇನ್ನೊಬ್ಬರು ಬೆಜೊ ಉಂತುಂಗ್, 1965ರಲ್ಲಿ ಶುರುವಾದ ಕಮ್ಯುನಿಸ್ಟರ ಬೇಟೆ ಹೆಸರಲ್ಲಿ 1970ರಿಂದ 1979ರ ತನಕ ವಿಚಾರಣೆನೇ ಇಲ್ಲದೆ ಒಳಗಿದ್ದೋರು. ಮೂರನೇಯವರು ಸುಚಿವಾತಿ, ಮುನೀರ್ ಅವರ ಹೆಂಡತಿ.

ಮುನೀರ್ ವಿಷ್ಯ ನಮ್ಮ ಕಡೆ ಬಹಳ ಜನಕ್ಕೆ ಗೊತ್ತಿಲ್ಲ, ಹಾಗಾಗಿ ಹೇಳ್ತೀನಿ. ಲಾಯರ್, ಕೊಂತ್ರಾಸ್ ಅನ್ನೋ ಸಂಸ್ಥೆ ಕಟ್ಟಿ 1998ರಲ್ಲಿ ಕಾಣೆಯಾದ ಹುಡುಗರಿಗೋಸ್ಕರ ಓಡಾಡಿದ ಮನುಷ್ಯ. 2004ರ ಸೆಪ್ಟೆಂಬರ್ 6ರ ರಾತ್ರಿ ಮುಂದಿನ ಓದಿಗೆ ನೆದರ್‌ಲ್ಯಾಂಡ್ಸ್‌ಗೆ ಹೊರಟಿದ್ರು, ಸಿಂಗಾಪುರ ಮೇಲಿಂದ ಆಮ್ಸ್ಟರ್‌ಡ್ಯಾಮ್ ಫ್ಲೈಟು, 7ಕ್ಕೆ ಇಳಿಯೋದ್ರೊಳಗೆ ವಿಮಾನದಲ್ಲೇ ಜೀವ ಹೋಗಿತ್ತು. 38 ವರ್ಷ. ಪೋಸ್ಟ್‌ಮಾರ್ಟಂನಲ್ಲಿ ಆರ್ಸೆನಿಕ್ ಸಿಕ್ತು. ಒಬ್ಬ ಪೈಲಟ್‌ಗೆ ಶಿಕ್ಷೆ ಆಯ್ತು, 2014ರಲ್ಲಿ ಪೆರೋಲ್ ಮೇಲೆ ಹೊರಗೂ ಬಂದ. ಗುಪ್ತಚರ ಸಂಸ್ಥೆಯ ಒಬ್ಬ ಹಿರಿಯ ಅಧಿಕಾರಿ ಮೇಲೆ ಕೇಸ್ ನಡೀತು, 2008ರ ಡಿಸೆಂಬರ್ 31ಕ್ಕೆ ಖುಲಾಸೆ. ಸರ್ಕಾರಾನೇ ನೇಮಿಸಿದ್ದ ಸತ್ಯಶೋಧನಾ ತಂಡ 2005ರಲ್ಲೇ ರಿಪೋರ್ಟ್ ಕೊಟ್ಟಿತ್ತು. ಅದನ್ನ ಜನಕ್ಕೆ ತೋರಿಸಿ ಅಂತ 2016ರಲ್ಲಿ ಮಾಹಿತಿ ಆಯೋಗ ಹೇಳ್ತು, ಅದಕ್ಕೆ ನಿಮ್ಮ ಸೆಕ್ರೆಟೇರಿಯಟ್‌ನವರು ಆ ರಿಪೋರ್ಟು ನಮ್ಮ ಹತ್ರ ಇಲ್ಲ ಅಂದ್ರು. ಅಧ್ಯಕ್ಷರ ಕೈಗೆ ಕೊಟ್ಟ ರಿಪೋರ್ಟು. ನಮ್ಮ ತಾಲೂಕಾಫೀಸಲ್ಲಿ ಫೈಲ್ ಕಳೆದೋಗಿದೆ ಅಂದ್ರೆ ಜನ ಕಣ್ಣೀರಲ್ಲಿ ಕೈ ತೊಳೀತಾರೆ, ಅದು ಒಂದು ಪಹಣಿಗೋ ಖಾತೆಗೋ. ಇದು ಒಬ್ಬ ಮನುಷ್ಯನ ಸಾವಿನ ಫೈಲು.

ವಾವನ್ ಕೇಸಿನ ಫೈಲ್ ಕಳೆದೋಗಿಲ್ಲ, ಅದು ಓಡಾಡ್ತಾನೇ ಇದೆ. 2001ರಲ್ಲಿ ಪಾರ್ಲಿಮೆಂಟು ತ್ರಿಸಕ್ತಿ, ಸೆಮಾಂಗಿ ಗಂಭೀರ ಮಾನವ ಹಕ್ಕು ಉಲ್ಲಂಘನೆ ಅಲ್ಲ ಅಂತು. 2002ರಲ್ಲಿ ನಿಮ್ಮ ರಾಷ್ಟ್ರೀಯ ಮಾನವ ಹಕ್ಕು ಆಯೋಗ ಪೂರ್ತಿ ವಿಚಾರಣೆ ಮಾಡಿ, ಗಂಭೀರ ಉಲ್ಲಂಘನೇನೇ ಅಂತ ಹೇಳಿ ಅಟಾರ್ನಿ ಜನರಲ್‌ಗೆ ಕಳಿಸ್ತು. ಅವರು ಇದು ಸರಿ ಇಲ್ಲ ಅದು ಸರಿ ಇಲ್ಲ ಅಂತ ವಾಪಸ್ ಕಳಿಸಿದ್ರು, ಇವರು ಮತ್ತೆ ಕಳಿಸಿದ್ರು, ಅವರು ಮತ್ತೆ ವಾಪಸ್. ಈ ಟೇಬಲ್ಲಿಂದ ಆ ಟೇಬಲ್ಲಿಗೆ ಇಪ್ಪತ್ತು ವರ್ಷಕ್ಕೂ ಮೇಲಾಯ್ತು. 2020ರ ಜನವರಿಲಿ ಅಟಾರ್ನಿ ಜನರಲ್ ಪಾರ್ಲಿಮೆಂಟಲ್ಲಿ ಎದ್ದು ನಿಂತು ಅದೇ ಹಳೇ ಮಾತು ಹೇಳಿದ್ರು, ಗಂಭೀರ ಉಲ್ಲಂಘನೆ ಅಲ್ಲ ಅಂತ. ಆಗ ಸುಮಾರ್ಸಿಹ್ ಮತ್ತೆ 1999ರ ಸೆಪ್ಟೆಂಬರಲ್ಲಿ ಎರಡನೇ ಸೆಮಾಂಗಿ ಗೋಲಿಬಾರಲ್ಲಿ ಸತ್ತ ಯಾಪ್ ಯುನ್ ಹಾಪ್ ಅನ್ನೋ ಸ್ಟೂಡೆಂಟಿನ ತಾಯಿ ಹೊ ಕಿಮ್ ಙೊ, ಇಬ್ಬರೂ ಸೇರ್ಕೊಂಡು ಅಟಾರ್ನಿ ಜನರಲ್ ಮೇಲೇ ಕೋರ್ಟಿಗೆ ಹೋದ್ರು. ಇಬ್ಬರು ವಯಸ್ಸಾದ ಹೆಂಗಸರು. 2020ರ ನವೆಂಬರ್ 4ಕ್ಕೆ ಗೆದ್ದೂ ಬಿಟ್ರು! ಅಟಾರ್ನಿ ಜನರಲ್ ಹೇಳಿದ್ದು ಕಾನೂನಿಗೆ ವಿರುದ್ಧ ಅಂತ ಜಕಾರ್ತಾದ ಕೋರ್ಟು ಹೇಳ್ತು. ಮುಂದಿನ ವರ್ಷ ಮೇಲಿನ ಕೋರ್ಟಲ್ಲಿ ಅದೂ ಬಿದ್ದೋಯ್ತು. ಅದಾದ ಮೇಲಿನ ಗುರುವಾರಗಳಲ್ಲೂ ಆ ಕೊಡೆಗಳು ಬಿಚ್ಚಿಕೊಂಡವು.

ಈಗ ನಿಮ್ಮ ವಿಷಯಕ್ಕೆ ಬರ್ತೀನಿ, ಗೌರವ ಇಟ್ಕೊಂಡೇ ಹೇಳ್ತೀನಿ, ಸುತ್ತಿ ಬಳಸಿ ಹೇಳಲ್ಲ.

1997-98ರಲ್ಲಿ 23 ಜನ ಹೋರಾಟಗಾರರನ್ನ ಎತ್ಕೊಂಡು ಹೋದ್ರು. 9 ಜನ ವಾಪಸ್ ಬಂದ್ರು, ಒಬ್ಬರ ಹೆಣ ಸಿಕ್ತು, 13 ಜನ ಇವತ್ತಿಗೂ ಪತ್ತೆ ಇಲ್ಲ. ನೀವು ಆಗ ಕೊಪಾಸುಸ್ ಅನ್ನೋ ಸ್ಪೆಷಲ್ ಫೋರ್ಸಿನ ಕಮಾಂಡರ್, ಸುಹಾರ್ತೊ ಅವರ ಅಳಿಯ. ಕೊಪಾಸುಸ್ ಒಳಗಿನ ಟಿಮ್ ಮಾವಾರ್ ಅಂದ್ರೆ ಗುಲಾಬಿ ತಂಡ ಅನ್ನೋ ಗುಂಪಿನವರಿಗೆ 1999ರಲ್ಲಿ ಮಿಲಿಟರಿ ಕೋರ್ಟು ಶಿಕ್ಷೆ ಕೊಡ್ತು. 1998ರ ಆಗಸ್ಟಲ್ಲಿ ಅಧಿಕಾರಿಗಳ ಗೌರವ ಮಂಡಳಿ ಮುಂದೆ ನಿಮ್ಮ ವಿಚಾರಣೆ ಆಗಿ ನಿಮ್ಮನ್ನ ಸೈನ್ಯದಿಂದ ತೆಗೆದ್ರು. ಯಾವ ಕೋರ್ಟಲ್ಲೂ ನಿಮ್ಮ ಮೇಲೆ ಕೇಸ್ ನಡೆದಿಲ್ಲ, ಹಾಗಾಗಿ ನಿಮ್ಮನ್ನ ಅಪರಾಧಿ ಅಂತ ನಾನು ಕರೆಯಲ್ಲ. ನಾನು ಹಿಡಿದವರನ್ನೆಲ್ಲಾ ಬಿಟ್ಟುಬಿಟ್ಟೆ ಅಂತ ನೀವು ಹೇಳ್ಕೊಂಡು ಬಂದಿದ್ದೀರಿ, ಬಿಡುಗಡೆ ಆದವರಲ್ಲಿ ಕೆಲವರು ಮುಂದೆ ನಿಮ್ಮ ಪಾರ್ಟಿಗೇ ಸೇರಿದ್ರು, ಅದೂ ನಿಜ. ನಿಮ್ಮ ಮಾತನ್ನ ಇದ್ದ ಹಾಗೇ ಒಪ್ಕೊಳ್ಳೋಣ. ಹಾಗಾದ್ರೆ ಉಳಿದ 13 ಜನ ಎಲ್ಲಿ? ಇವತ್ತು ನೀವು ಅಧ್ಯಕ್ಷರು, ಸೈನ್ಯಕ್ಕೆ ನಿಮ್ಮ ಮೇಲೆ ಇನ್ಯಾರೂ ಇಲ್ಲ, ಬೀಗ ಹಾಕಿರೋ ಯಾವ ಬೀರುವಿನ ಕೀಲಿ ಕೇಳಿದ್ರೂ ಕೊಡ್ಲೇಬೇಕು. ಆ ಬ್ಯಾರಕ್ಕುಗಳ ಒಳಗು ನಿಮಗೆ ಚೆನ್ನಾಗಿ ಗೊತ್ತು. ಬೇರೆ ಯಾರಿಗಿಂತ ನಿಮಗೆ ಇದು ಸುಲಭ.

ಆ 13ರಲ್ಲಿ ಒಬ್ಬರು ವಿಜಿ ತುಕುಲ್. ಸೋಲೋ ಊರಿನ ಕವಿ, ಹೊಟ್ಟೆಪಾಡಿಗೆ ಮರದ ಪೀಠೋಪಕರಣಕ್ಕೆ ಪಾಲಿಶ್ ಹಾಕ್ತಿದ್ದೋರು. ಅವರ ಸಾಲುಗಳನ್ನ ಇವತ್ತಿಗೂ ನಿಮ್ಮ ದೇಶದ ಹುಡುಗರು ಪ್ರತಿ ಮೆರವಣಿಗೇಲಿ ಕೂಗ್ತಾರೆ, ಆಗಿನ್ನೂ ಹುಟ್ಟೇ ಇರ್ಲಿಲ್ಲ ಅವರೆಲ್ಲ. ತುಕುಲ್ ಹೆಂಡತಿ ಸಿಪೊನ್ ಬಟ್ಟೆ ಹೊಲ್ಕೊಂಡು ಮಕ್ಕಳನ್ನ ಸಾಕಿದ್ರು. ಗಂಡ ಸತ್ತಿದಾನೆ ಅಂತ ಯಾರೂ ಹೇಳಿಲ್ಲ, ಬದುಕಿದಾನೆ ಅಂತಾನೂ ಹೇಳಿಲ್ಲ. ತಿಥಿ ಮಾಡೋ ಹಾಗಿಲ್ಲ, ಕಾಯೋದು ಬಿಡೋ ಹಾಗಿಲ್ಲ. ಸತ್ತೋರ ದುಃಖ ಹನ್ನೊಂದು ದಿನ, ಕಾಣೆಯಾದೋರ ದುಃಖ ದಿನಾ, ಹಂಗೆ 25 ವರ್ಷ ಇದ್ದು 2023ರ ಜನವರಿ 5ಕ್ಕೆ ಅವರೂ ತೀರ್ಕೊಂಡ್ರು. ಉತ್ತರ ಸಿಗದೇನೇ ಹೋದ್ರು.

ಸಿಪೊನ್ ಹೋದ ಆರು ದಿನಕ್ಕೆ, ಜನವರಿ 11ಕ್ಕೆ, ಆಗಿನ ಅಧ್ಯಕ್ಷ ಜೊಕೊವಿ ಟೀವಿ ಮುಂದೆ ಬಂದು 12 ಘಟನೆಗಳನ್ನ ಹೆಸರಿಸಿ, ಇವು ಗಂಭೀರ ಮಾನವ ಹಕ್ಕು ಉಲ್ಲಂಘನೆಗಳು ಅಂತ ಒಪ್ಕೊಂಡು, ವಿಷಾದ ಹೇಳಿದ್ರು. 1965-66ರ ಹತ್ಯೆಗಳು, 97-98ರಲ್ಲಿ ಕಾಣೆಯಾದವರು, ತ್ರಿಸಕ್ತಿ, ಸೆಮಾಂಗಿ ಎಲ್ಲಾ ಇತ್ತು. ಮುನೀರ್ ಹೆಸರು ಇರ್ಲಿಲ್ಲ. ಆಮೇಲೆ ಪರಿಹಾರದ ಕಾರ್ಯಕ್ರಮ ಶುರು ಮಾಡಿದ್ರು, ಕೋರ್ಟ್ ದಾರಿ ಮಾತ್ರ ಬಿಟ್ಟು. ಇದೇ ಜೊಕೊವಿ 2018ರ ಮೇ 31ಕ್ಕೆ ಕಮಿಸಾನಿನ ತಾಯಂದಿರನ್ನ ಒಳಗೆ ಕರೆದು ಮಾತಾಡಿಸಿದ್ರು. 11 ವರ್ಷ ಹೊರಗೆ ನಿಂತವರು ಒಳಗೆ ಹೋಗಿ ಬಂದ್ರು, ಮುಂದಿನ ಗುರುವಾರ ಮತ್ತೆ ಹೊರಗೆ ನಿಂತ್ರು. ಒಪ್ಕೊಂಡಿದ್ದು ಒಳ್ಳೇದೇ ಸರ್, ನಾನು ಅದನ್ನ ಸಣ್ಣದು ಅನ್ನಲ್ಲ. ಆದ್ರೆ ತಪ್ಪಾಗಿದೆ ಅಂತ ಒಪ್ಕೊಂಡು, ಯಾರು ಮಾಡಿದ್ದು ಅಂತ ಮಾತ್ರ ಹೇಳಲ್ಲ ಅಂದ್ರೆ ಹೆತ್ತ ತಾಯಿಗೆ ಅದು ಹೇಗೆ ಸಾಕಾಗುತ್ತೆ.

2024ರ ಅಕ್ಟೋಬರ್ 20ಕ್ಕೆ ನೀವು ಪ್ರಮಾಣವಚನ ತಗೊಂಡ್ರಿ. ಮಾರನೇ ದಿನಾನೇ ನಿಮ್ಮ ಕಾನೂನು ವ್ಯವಹಾರಗಳ ಹಿರಿಯ ಸಚಿವರು 1998ರದ್ದು ಗಂಭೀರ ಉಲ್ಲಂಘನೆ ಅಲ್ಲ ಅನ್ನೋ ಥರ ಮಾತಾಡಿದ್ರು, ಗಲಾಟೆ ಆದ್ಮೇಲೆ ಸ್ಪಷ್ಟನೆ ಕೊಟ್ರು. 2025ರ ಮಾರ್ಚಲ್ಲಿ ಮಿಲಿಟರಿ ಕಾನೂನು ಬದಲಾಯಿಸಿದ್ರಿ, ಸರ್ವಿಸಲ್ಲಿರೋ ಅಧಿಕಾರಿಗಳು ಕೂರಬಹುದಾದ ಸಿವಿಲ್ ಸಂಸ್ಥೆಗಳು 10 ಇದ್ದದ್ದು 14 ಆಯ್ತು. ವಾವನ್ ಓರಗೆಯ ಹುಡುಗರು ಯಾವುದು ಬೇಡ ಅಂತ ಬೀದಿಗೆ ಬಂದಿದ್ರೋ ಅದೇ ಬಾಗಿಲು ಮತ್ತೆ ಅಗಲ ಆಯ್ತು. ಜೂನಲ್ಲಿ ನಿಮ್ಮ ಸಂಸ್ಕೃತಿ ಸಚಿವರು 1998ರ ಮೇ ಗಲಭೆಯ ಸಾಮೂಹಿಕ ಅತ್ಯಾಚಾರಗಳು ಬರೀ ವದಂತಿ ಅನ್ನೋ ಅರ್ಥದಲ್ಲಿ ಮಾತಾಡಿದ್ರು. ಅವತ್ತಿನ ಸರ್ಕಾರ ಮಾಡಿದ್ದ ಜಂಟಿ ಸತ್ಯಶೋಧನಾ ತಂಡಾನೇ 52 ಅತ್ಯಾಚಾರದ ಕೇಸುಗಳನ್ನ ದಾಖಲಿಸಿದೆ. ಆ ಹೆಣ್ಮಕ್ಕಳಲ್ಲಿ ಬಹಳಷ್ಟು ಜನ ಚೀನೀ ಮೂಲದವರು. ಎಷ್ಟೋ ಜನ ಹೆಸರೂ ಹೇಳದೆ ಬದುಕ್ತಿರೋ ಹೆಣ್ಮಕ್ಕಳಿಗೆ ಒಬ್ಬ ಮಂತ್ರಿ ಬಾಯಿಂದ ಆ ಮಾತು ಕೇಳೋಕೆ ಹೆಂಗಾಗಿರುತ್ತೆ ಅಂತ ಒಂದು ಸಲ ಯೋಚ್ನೆ ಮಾಡಿ.

ಆಮೇಲೆ ನವೆಂಬರ್ 10. ನಿಮ್ಮ ವೀರರ ದಿನ. ಸುಹಾರ್ತೊ ಅವರಿಗೆ ರಾಷ್ಟ್ರೀಯ ವೀರ ಅನ್ನೋ ಬಿರುದು ಕೊಟ್ರಿ. ಅದೇ ದಿನ, ಅದೇ ಪಟ್ಟಿಲಿ ಮಾರ್ಸಿನಾ ಹೆಸರೂ ಇತ್ತು. ಮಾರ್ಸಿನಾ ಪೂರ್ವ ಜಾವಾದ ವಾಚ್ ಫ್ಯಾಕ್ಟರಿಲಿ ಕೆಲಸ ಮಾಡ್ತಿದ್ದ ಹುಡುಗಿ, ಸಂಬಳ ಜಾಸ್ತಿ ಮಾಡಿ ಅಂತ ಸ್ಟ್ರೈಕ್ ಮಾಡಿದ್ದಕ್ಕೆ 1993ರ ಮೇ ತಿಂಗಳಲ್ಲಿ ಚಿತ್ರಹಿಂಸೆ ಕೊಟ್ಟು ಕೊಂದ್ರು. 24 ವರ್ಷ. ಸುಹಾರ್ತೊ ಆಡಳಿತದಲ್ಲೇ. ಕೇಸಲ್ಲಿ ಸಿಕ್ಕಿಸಿದವರೆಲ್ಲಾ 1995ರಲ್ಲಿ ಸುಪ್ರೀಂ ಕೋರ್ಟಲ್ಲಿ ಖುಲಾಸೆ ಆದ್ರು, ನಿಜವಾಗಿ ಕೊಂದವರು ಯಾರು ಅಂತ ಇವತ್ತಿಗೂ ಗೊತ್ತಿಲ್ಲ. ನಾನು ಬೆಂಗಳೂರಲ್ಲಿ ಕೂತು ಆ ಸುದ್ದಿ ಎರಡೆರಡು ಸಲ ಓದ್ದೆ. ಮಾರ್ಸಿನಾಗೆ ಗೌರವ ಸಿಕ್ಕಿದ್ದಕ್ಕೆ ಸಂತೋಷ ಪಡೋಕೂ ಆಗದ ಹಾಗೆ ಹೊಟ್ಟೆ ಕಿವುಚಿತು. ಅದಾಗಿ ಮೂರೇ ದಿನಕ್ಕೆ ನವೆಂಬರ್ 13, ವಾವನ್ ಹೋದ ದಿನ. ಅವತ್ತು ಯಾವ ವಾರ ಅಂತ ಕ್ಯಾಲೆಂಡರ್ ನೋಡಿದೆ ಸರ್, ಗುರುವಾರ.

ಇನ್ನೊಂದು ವಿಷ್ಯ ಹೇಳ್ಬೇಕು, ಇದು ನಿಮ್ಮ ಪರವಾಗಿ ಇರೋದು. 2025ರ ಆಗಸ್ಟಲ್ಲಿ ನಾನು ಇನ್ನೂ ಜಕಾರ್ತಾದಲ್ಲೇ ಇದ್ದೆ. ಎಂಪಿಗಳಿಗೆ ತಿಂಗಳಿಗೆ 5 ಕೋಟಿ ರುಪಿಯಾ ಮನೆ ಭತ್ಯೆ, ಅಂದ್ರೆ ಜಕಾರ್ತಾದ ಕನಿಷ್ಠ ವೇತನದ ಹತ್ತಿರ ಹತ್ತು ಪಟ್ಟು, ಅಂತ ಗೊತ್ತಾಗಿ ಜನ ಸಿಟ್ಟಿಗೆದ್ರು. ಆಗಸ್ಟ್ 28ರ ರಾತ್ರಿ ಅಫ್ಫಾನ್ ಕುರ್ನಿಯಾವನ್ ಅನ್ನೋ 21 ವರ್ಷದ ಬೈಕ್ ಟ್ಯಾಕ್ಸಿ ಹುಡುಗನ ಮೇಲೆ ಪೊಲೀಸರ ಶಸ್ತ್ರಸಜ್ಜಿತ ಗಾಡಿ ಹತ್ತಿತು. ನನ್ನ ರೂಮಿಗೆ ದಿನಾ ಊಟ ತಂದುಕೊಡ್ತಿದ್ದೋರೂ ಅದೇ ಹಸಿರು ಜಾಕೆಟ್ ಹುಡುಗರು. ಮಾರನೇ ದಿನ ನಮ್ಮ ಗಲ್ಲಿ ಬಾಯಲ್ಲಿ ಯಾವಾಗಲೂ ಆರ್ಡರಿಗೆ ಕಾಯ್ತಾ ಹರಟೆ ಹೊಡೀತಿದ್ದ ಜಾಗ ಖಾಲಿ, ಎಲ್ಲಾ ಮಣ್ಣಿಗೆ ಹೋಗಿದ್ರು, ಕರೆತ್ ಬಿವಾಕ್ ಸ್ಮಶಾನದ ದಾರಿ ಉದ್ದಕ್ಕೂ ಹಸಿರು ಜಾಕೆಟ್ಟುಗಳೇ. ಆ ರಾತ್ರಿ ನೀವು ಆ ಹುಡುಗನ ಮನೆಗೆ ಹೋದ್ರಿ, ಅಪ್ಪ ಅಮ್ಮನಿಗೆ ಸಾಂತ್ವನ ಹೇಳಿದ್ರಿ, ತನಿಖೆಗೆ ಆರ್ಡರ್ ಮಾಡಿದ್ರಿ. ಗಾಡಿ ಒಳಗಿದ್ದ ಏಳು ಜನ ಪೊಲೀಸರು ಯಾರು ಅಂತ ಒಂದೇ ದಿನದಲ್ಲಿ ದೇಶಕ್ಕೆಲ್ಲಾ ಗೊತ್ತಾಯ್ತು. ಕೆಲವೇ ದಿನದಲ್ಲಿ ಅಧಿಕಾರಿಯೊಬ್ಬರನ್ನ ಕೆಲಸದಿಂದ ಕಿತ್ತು ಹಾಕಿದ್ರು, ಭತ್ಯೆನೂ ವಾಪಸ್ ಆಯ್ತು. ಹುಡುಗರು 17+8 ಅಂತ ಬೇಡಿಕೆ ಪಟ್ಟಿ ಮಾಡಿ ಗಡುವು ಕೊಟ್ಟಿದ್ರು, ಅದರಲ್ಲಿ ಎಷ್ಟು ಆಯ್ತು ಎಷ್ಟು ಆಗಿಲ್ಲ ಅನ್ನೋದು ಬೇರೆ ಲೆಕ್ಕ, ಸಾವಿರಾರು ಜನರನ್ನ ಹಿಡಿದು ಒಳಗೆ ಹಾಕಿದ್ದೂ ಬೇರೆ ಲೆಕ್ಕ. ನಾನು ಹೇಳೋದು ಇಷ್ಟೇ, ಗಾಡೀಲಿ ಯಾರಿದ್ರು ಅಂತ ಒಂದು ದಿನದಲ್ಲಿ ಹೇಳೋಕೆ ನಿಮ್ಮ ಸರ್ಕಾರಕ್ಕೆ ಬರುತ್ತೆ. ಮನಸ್ಸು ಮಾಡಿದ್ರೆ ಆಗುತ್ತೆ ಅಂತ ನೀವೇ ತೋರಿಸಿದ್ದೀರಿ. ಬಂದೂಕು ಯಾರ ಕೈಲಿತ್ತು ಅಂತ ಹೇಳೋಕೆ ಮಾತ್ರ 27 ವರ್ಷ ಸಾಲಲಿಲ್ಲ ಅಂದ್ರೆ ಸುಮಾರ್ಸಿಹ್ ಹೇಗೆ ನಂಬ್ತಾರೆ?

ನಮ್ಮ ಕನ್ನಡದವರಿಗೂ ಇಲ್ಲೇ ಒಂದು ಮಾತು ಹೇಳ್ಬಿಡ್ತೀನಿ. ಬೆಂಗಳೂರಿಂದ ಬಾಲಿಗೆ ಈಗ ಡೈರೆಕ್ಟ್ ಫ್ಲೈಟ್ ಇದೆ, ಹನಿಮೂನಿಗೆ, ಫ್ಯಾಮಿಲಿ ಟ್ರಿಪ್ಪಿಗೆ ಹೋಗ್ತೀವಿ, ದೇವಸ್ಥಾನ ನೋಡಿ ನಮ್ಮೂರಿನ ಥರಾನೇ ಇದೆ ಅಂತ ಖುಷಿ ಪಡ್ತೀವಿ. ಹೋಗಿ, ಚೆನ್ನಾಗಿದೆ. ಆದ್ರೆ 1965-66ರಲ್ಲಿ ಆ ಒಂದೇ ದ್ವೀಪದಲ್ಲಿ ಅಂದಾಜು 80,000 ಜನರನ್ನ ಕೊಂದ್ರು, ಇಡೀ ದೇಶದಲ್ಲಿ ಕಡಿಮೆ ಅಂದ್ರೂ 5 ಲಕ್ಷ ಅಂತಾರೆ ಇತಿಹಾಸಕಾರರು. ಬೆಜೊ ಉಂತುಂಗ್ ಗುರುವಾರ ಕೊಡೆ ಹಿಡಿದು ನಿಲ್ಲೋದು ಅವರಿಗೋಸ್ಕರ. ಜಕಾರ್ತಾ ಮೇಲೆ ಹೋಗೋ ಹಾಗಿದ್ರೆ, ಗುರುವಾರ ಸಂಜೆ ಬಿಡುವಿದ್ರೆ, ಮೊನಾಸ್ ನೋಡೋಕೆ ಹೋದಾಗ ಎದುರಿಗೆ ಸ್ವಲ್ಪ ಹೊತ್ತು ನಿಂತು ನೋಡಿ. ಬಾಂಡುಂಗ್, ಯೋಗ್ಯಕರ್ತಾ, ಇನ್ನೂ ಎಷ್ಟೋ ಊರಲ್ಲಿ ಈಗ ಹುಡುಗ ಹುಡುಗೀರು ಇದೇ ಥರ ನಿಲ್ತಾರೆ, 98ರ ಹೊತ್ತಿಗೆ ಹುಟ್ಟೇ ಇರದವರು.

ಸರ್, ನಾನು ಕೇಳೋದು ಹೊಸದೇನಲ್ಲ, ಅವರು ಬರೆದಿದ್ದನ್ನೇ ಮತ್ತೆ ಹೇಳ್ತಿದೀನಿ. ಕಾಣೆಯಾದ 13 ಜನರ ವಿಷಯದಲ್ಲಿ ವಿಶೇಷ ಕೋರ್ಟ್ ಮಾಡಿ, ಅವರನ್ನ ಹುಡುಕಿ ಅಂತ ನಿಮ್ಮ ಪಾರ್ಲಿಮೆಂಟೇ 2009ರ ಸೆಪ್ಟೆಂಬರಲ್ಲಿ ಶಿಫಾರಸು ಮಾಡಿದೆ. 2000ದ ಮಾನವ ಹಕ್ಕು ಕೋರ್ಟುಗಳ ಕಾನೂನಿನ ಪ್ರಕಾರ ಪಾರ್ಲಿಮೆಂಟ್ ಹೇಳಿದ ಮೇಲೆ ಉಳಿಯೋದು ಅಧ್ಯಕ್ಷರ ಆದೇಶ, ಅಂದ್ರೆ ನಿಮ್ಮ ಒಂದು ಸೈನು. ಆ ಶಿಫಾರಸು ಮೂರನೇ ಅಧ್ಯಕ್ಷರ ಟೇಬಲ್ಲಿಗೆ ಬಂದಿದೆ. ಇದರಲ್ಲಿ ನಿಮ್ಮ ಹೆಸರೂ ಬರಬಹುದು ಅನ್ನೋದು ನಂಗೆ ಗೊತ್ತು. ಗೊತ್ತಿದ್ದೇ ಕೇಳ್ತಿದೀನಿ, ನೀವು ಹೇಳೋದು ಸತ್ಯ ಆದ್ರೆ ಅದು ಕೋರ್ಟಲ್ಲೇ ಸಾಬೀತಾಗ್ಲಿ, ನಿಮಗೂ ಅದೇ ಒಳ್ಳೇದು. ಸೆಮಾಂಗಿ ಫೈಲನ್ನ ವಾಪಸ್ ಕಳಿಸ್ಬೇಡಿ ಅಂತ ಅಟಾರ್ನಿ ಜನರಲ್‌ಗೆ ಹೇಳಿ. ಮುನೀರ್ ರಿಪೋರ್ಟು ಹುಡುಕಿಸಿ, ಪ್ರಿಂಟ್ ಮಾಡ್ಸಿ ಜನರ ಮುಂದೆ ಇಡಿ.

ಇದೆಲ್ಲಾ ಟೈಮ್ ತಗೊಳುತ್ತೆ ಅಂತೀರೇನೋ. ಹಾಗಾದ್ರೆ ಮೊದಲು ಒಂದು ಕಾಗದ ಬರೀರಿ. ಬು ಸುಮಾರ್ಸಿಹ್ ಹುಟ್ಟಿದ್ದು 1952ರಲ್ಲಿ, ಸಿಪೊನ್ ಹೋದ ಹಾಗೆ ಅವರೂ ಉತ್ತರ ಕಾಣದೆ ಹೋಗೋದು ಬೇಡ. ಸಂಜೆ ಹೊತ್ತು ಕಿಟಕಿಗೆ ಬಂದ್ರೆ ಕಾಣೋ ಅಷ್ಟು ಹತ್ತಿರದಲ್ಲಿ ನಿಂತಿರ್ತಾರೆ ಅವರು. ನಮ್ಮಮ್ಮ ಈಗಲೂ ಗುರುವಾರ ದೀಪ ಹಚ್ಚಿ ಬಂದ್ಮೇಲೆ, "ಆಯಮ್ಮಂಗೆ ಏನಾದ್ರೂ ಬಂತೇನೋ?" ಅಂತ ಕೇಳ್ತಾರೆ, ಫೋನಲ್ಲಿ ನೋಡಿ ಇಲ್ಲಮ್ಮ ಅಂತೀನಿ.

ಇಂಡೋನೇಷ್ಯಾದವರ ಅರಮನೆ ಹೆಸರಲ್ಲಿರೋ ಇಸ್ತಾನಾ ನಮ್ಮ ಆಸ್ಥಾನ ಪದದಿಂದಲೇ ಹೋಗಿದ್ದಂತೆ, ಮರ್ದೇಕಾ ಅಂದ್ರೆ ಸ್ವಾತಂತ್ರ್ಯ. ಹಾಗಾಗಿ ವಿಳಾಸ ಬರೆಯೋಕೆ ನಂಗೆ ಕಷ್ಟ ಆಗ್ಲಿಲ್ಲ. ನನ್ನ ಈ ಕಾಗದಕ್ಕೆ ಉತ್ತರ ಬೇಡ ಸರ್, ಇದನ್ನ ಬದಿಗಿಡಿ. ಅವರ ವಿಳಾಸ ನಿಮ್ಮ ಹತ್ರಾನೇ ಇದೆ.

ಇತಿ,
ಮೂರು ವರ್ಷ ನಿಮ್ಮೂರಿನ ಅನ್ನ ತಿಂದ ಒಬ್ಬ ಕನ್ನಡಿಗ,
ಬೆಂಗಳೂರು